6 ತಂಡ, 12 ಸೀಸನ್: ಎ.ಕ್ಯೂ. ಶಿಪ್ಲಿಯಂಥ ಲೈನ್‌ಮನ್‌ಗಳ ಬಗ್ಗೆ ಮಾತಾಡೋಣ

ಫೀನಿಕ್ಸ್_ಕನ್ನಡಿಗ

ಅಮೆರಿಕನ್ ಫುಟ್‌ಬಾಲ್ ಮಾತು ಬಂದರೆ ನಮ್ಮ ಮಂದಿಯ ಬಾಯಲ್ಲಿ ಚೆಂಡು ಎಸೆಯುವ ಕ್ವಾರ್ಟರ್‌ಬ್ಯಾಕ್‌ಗಳಾದ ಬ್ರೇಡಿ, ಮಹೋಮ್ಸ್ ಇಬ್ಬರದೇ ಹೆಸರು. ತಪ್ಪೇನಿಲ್ಲ, ಚೆಂಡು ಇರೋದು ಅಂಥವರ ಕೈಯಲ್ಲೇ. ಆದರೆ ಅವರ ಮುಂದೆ ಐದು ಜನ ಮೈ ಅಡ್ಡ ಕೊಟ್ಟು ನಿಂತಿರುತ್ತಾರಲ್ಲ, ಆ ಆಫೆನ್ಸಿವ್ ಲೈನ್ ಬಗ್ಗೆ ನಾವು ಮಾತಾಡುವುದು ತೀರಾ ಕಮ್ಮಿ. ಅದರಲ್ಲೂ ಸ್ಟಾರ್ ಅಲ್ಲದೆ, ಊರಿಂದೂರಿಗೆ ಗಂಟುಮೂಟೆ ಕಟ್ಟಿಕೊಂಡು ತಿರುಗುತ್ತಲೇ ಹತ್ತು ಹನ್ನೆರಡು ವರ್ಷ ಬಾಳಿದವರ ಬಗ್ಗೆ ಇನ್ನೂ ಕಮ್ಮಿ. ಅದಕ್ಕೇ ಈ ಚರ್ಚೆ.

ನಾನು ಹೇಳಹೊರಟಿರುವುದು ಎ.ಕ್ಯೂ. ಶಿಪ್ಲಿ ಕಥೆ. ಪಿಟ್ಸ್‌ಬರ್ಗ್ ಪಕ್ಕದ ಹುಡುಗ. ಪೆನ್ ಸ್ಟೇಟ್ ಕಾಲೇಜಿಗೆ ಸೇರಿದಾಗ ಡಿಫೆನ್ಸ್ ಕಡೆ ಆಡುತ್ತಿದ್ದ, ಆಮೇಲೆ ಸೆಂಟರ್ ಆದ, ಅಂದರೆ ಲೈನ್‌ನ ನಡುವೆ ನಿಂತು ಚೆಂಡನ್ನು ಹಿಂದಕ್ಕೆ ಕೊಡುವವನು. 2008ರಲ್ಲಿ ದೇಶದ ಅತ್ಯುತ್ತಮ ಕಾಲೇಜು ಸೆಂಟರ್‌ಗೆ ಕೊಡುವ ರಿಮಿಂಗ್‌ಟನ್ ಟ್ರೋಫಿ ಇವನಿಗೇ ಬಂತು. ಅಂದರೆ ಇಡೀ ದೇಶದಲ್ಲಿ ಆ ಜಾಗಕ್ಕೆ ಇವನಿಗಿಂತ ಒಳ್ಳೆಯವನಿಲ್ಲ ಅಂತ ಮುದ್ರೆ ಒತ್ತಿದರು. ನಾಲ್ಕೈದು ತಿಂಗಳು ಕಳೆದು ಎನ್‌ಎಫ್‌ಎಲ್ ಡ್ರಾಫ್ಟ್ ನಡೆಯಿತು, ಅಂದರೆ ವೃತ್ತಿಪರ ಲೀಗ್‌ನ ತಂಡಗಳು ಕಾಲೇಜು ಹುಡುಗರನ್ನು ಸರದಿಯಲ್ಲಿ ಆರಿಸಿಕೊಳ್ಳುವುದು. ಶಿಪ್ಲಿಯನ್ನು ಕರೆದದ್ದು ಏಳನೇ ಸುತ್ತಿನಲ್ಲಿ, 226ನೆಯವನಾಗಿ. ಡ್ರಾಫ್ಟ್‌ನಲ್ಲಿ ಇರುವುದೇ ಏಳು ಸುತ್ತು.

ಯಾಕೆ ಹೀಗೆ? ಎತ್ತರ ಆರು ಅಡಿ ಒಂದು ಇಂಚು, ಈ ಕೆಲಸಕ್ಕೆ ಕುಳ್ಳ. ಅದಕ್ಕಿಂತ ಮುಖ್ಯವಾಗಿ ಕೈ ಗಿಡ್ಡ. ಲೈನ್‌ಮನ್‌ಗೆ ತೋಳಿನ ಉದ್ದ ಅಂದರೆ ಪ್ರಾಣ. ಎದುರಿನವನ ಎದೆಗೆ ಮೊದಲು ಯಾರ ಕೈ ತಗಲುತ್ತದೋ ಅವನದೇ ಹಿಡಿತ. ಲೈನ್‌ನ ಎರಡು ತುದಿಯ ಟ್ಯಾಕಲ್ ಜಾಗಕ್ಕಂತೂ 33-34 ಇಂಚು ತೋಳು ಇರಲೇಬೇಕು ಅಂತ ತಂಡಗಳು ಟೇಪು ಹಿಡಿದು ಅಳೆಯುತ್ತವೆ. ಒಳಗಿನ ಜಾಗಗಳಿಗೆ ಸ್ವಲ್ಪ ರಿಯಾಯಿತಿ ಇದೆ. ಆದರೂ ಶಿಪ್ಲಿಗೆ ಅದೂ ಸಾಲಲಿಲ್ಲ.

2009ರಿಂದ 2011ರವರೆಗೆ ಮೂರು ಸೀಸನ್ ಹೋದವು. ಮೊದಲು ಪಿಟ್ಸ್‌ಬರ್ಗ್ ಸ್ಟೀಲರ್ಸ್, ಆಮೇಲೆ ಫಿಲಡೆಲ್ಫಿಯಾ ಈಗಲ್ಸ್. ಒಂದೇ ಒಂದು ಲೀಗ್ ಪಂದ್ಯ ಆಡಲಿಲ್ಲ. 2012ರಲ್ಲಿ ಇಂಡಿಯಾನಾಪೊಲಿಸ್ ಕೋಲ್ಟ್ಸ್‌ಗೆ ಹೋದಾಗ ಮೊದಲ ಪಂದ್ಯ ಸಿಕ್ಕಿತು. 2013ರಲ್ಲಿ ಬಾಲ್ಟಿಮೋರ್ ರೇವನ್ಸ್. 2014ರಲ್ಲಿ ಮತ್ತೆ ಕೋಲ್ಟ್ಸ್. 2015ರಿಂದ ನಮ್ಮೂರಿನ ಅರಿಜೋನಾ ಕಾರ್ಡಿನಲ್ಸ್. ಕೊನೆಗೆ 2020ರಲ್ಲಿ ಟ್ಯಾಂಪಾ ಬೇ ಬಕನಿಯರ್ಸ್.

ಪಂದ್ಯದ ಶುರುವಿನಿಂದಲೇ ಕಣಕ್ಕಿಳಿಯುವ ಪೂರ್ಣಾವಧಿ ಸ್ಟಾರ್ಟರ್ ಆಗಿದ್ದು 2016ರಲ್ಲಿ, 30ನೇ ವಯಸ್ಸಿಗೆ. ಆ ವರ್ಷ 16ಕ್ಕೆ 16 ಪಂದ್ಯ, 2017ರಲ್ಲೂ 16ಕ್ಕೆ 16.

ನನ್ನ ಮಾತು ಇಷ್ಟೇ. ಇಂಥವರನ್ನು "ಅಲ್ಲಿ ಇಲ್ಲಿ ಆಡಿಕೊಂಡಿದ್ದವನು" ಅಂತ ಜನ ಒಂದೇ ಸಾಲಿನಲ್ಲಿ ಮುಗಿಸಿಬಿಡುತ್ತಾರೆ. ನನಗೆ ಅದು ಸರಿ ಕಾಣುವುದಿಲ್ಲ. ಟೇಪು ಬೇಡ ಅಂದ ಮೇಲೂ 12 ಸೀಸನ್ ಅಲ್ಲಿ ಉಳಿಯುವುದು ಸ್ಟಾರ್ ಆಗುವಷ್ಟೇ ಕಷ್ಟದ ವಿದ್ಯೆ. ನಿಮ್ಮ ಅಭಿಪ್ರಾಯ ಬರೆಯಿರಿ.

ಹೊಸಬ_ಹಾಸನ

ಸರ್, ನಾನು ಈಚೆಗೆ ನೋಡಲು ಶುರು ಮಾಡಿದವನು. ಈ ಸೆಂಟರ್ ಅನ್ನೋನು ಚೆಂಡನ್ನು ಕಾಲ ಸಂದಿಯಿಂದ ಹಿಂದಕ್ಕೆ ಕೊಡುತ್ತಾನೆ, ಅಷ್ಟೇ ಅಲ್ವಾ? ಅದರಲ್ಲಿ ಅಷ್ಟು ದೊಡ್ಡ ವಿದ್ಯೆ ಏನಿದೆ? ಗೊತ್ತಿಲ್ಲದೆ ಕೇಳುತ್ತಿದ್ದೇನೆ, ಬೇಜಾರಾಗಬೇಡಿ.

ಫೀನಿಕ್ಸ್_ಕನ್ನಡಿಗ

ಬೇಜಾರೇಕೆ, ಇದೇ ಪ್ರಶ್ನೆ ಬರಲಿ ಅಂತ ಕಾಯುತ್ತಿದ್ದೆ.

ನಡುವೆ ಸೆಂಟರ್, ಅವನ ಎಡಬಲಕ್ಕೆ ಇಬ್ಬರು ಗಾರ್ಡ್, ಅವರ ಆಚೆ ಇಬ್ಬರು ಟ್ಯಾಕಲ್. ಎದುರು ಡಿಫೆನ್ಸ್ ಪ್ರತಿ ಸಲವೂ ಬೇರೆ ಬೇರೆ ಥರ ನಿಲ್ಲುತ್ತದೆ. ನಾಲ್ಕು ಜನ ನುಗ್ಗಬಹುದು, ಆರು ಜನ ನುಗ್ಗಬಹುದು. ನುಗ್ಗುವಂತೆ ನಟಿಸಿ ಹಿಂದೆ ಸರಿಯಲೂಬಹುದು. ನಾವು ಐದು ಜನ, ಅವರಲ್ಲಿ ಯಾರನ್ನು ಯಾರು ಹಿಡಿಯಬೇಕು? ಇದನ್ನು ಚೆಂಡು ಕದಲುವ ಮೊದಲೇ, ಕೆಲವೇ ಸೆಕೆಂಡುಗಳಲ್ಲಿ ಕೂಗಿ ಹೇಳುವ ಜವಾಬ್ದಾರಿ ಹೆಚ್ಚಾಗಿ ಸೆಂಟರ್‌ನದು. ಎದುರು ಸಾಲಿನ ಹಿಂದೆ ನಿಲ್ಲುವ ಲೈನ್‌ಬ್ಯಾಕರ್‌ಗಳಲ್ಲಿ ಒಬ್ಬನನ್ನು ಬೆರಳು ಮಾಡಿ "ಮೈಕ್" ಅಂತ ಗುರುತಿಸುತ್ತಾನೆ. ಅಲ್ಲಿಂದ ಎಡಕ್ಕೆ ಎಷ್ಟು ಜನ, ಬಲಕ್ಕೆ ಎಷ್ಟು ಜನ ಅನ್ನೋ ಲೆಕ್ಕ ಉಳಿದ ನಾಲ್ವರಿಗೂ ಹೊಳೆಯುತ್ತದೆ. ಆ ಲೆಕ್ಕ ತಪ್ಪಿದರೆ ಒಬ್ಬ ದಾಂಡಿಗ ಯಾರ ತಡೆಯೂ ಇಲ್ಲದೆ ಕ್ವಾರ್ಟರ್‌ಬ್ಯಾಕ್ ಮೇಲೆ ಬೀಳುತ್ತಾನೆ.

ಹೊರಗಿನ ಊರಿನ ಸ್ಟೇಡಿಯಂನಲ್ಲಿ ಆಡುವಾಗ ಇನ್ನೊಂದು ತಲೆನೋವು. ಎಪ್ಪತ್ತು ಸಾವಿರ ಜನ ಬೇಕಂತಲೇ ಅರಚುತ್ತಿರುತ್ತಾರೆ. ಕ್ವಾರ್ಟರ್‌ಬ್ಯಾಕ್ ಕೂಗಿದ್ದು ಪಕ್ಕದವನಿಗೂ ಕೇಳುವುದಿಲ್ಲ. ಆಗ ಮೌನದ ಲೆಕ್ಕ ನಡೆಯುತ್ತದೆ. ಗಾರ್ಡ್ ಬಗ್ಗಿ ನಿಂತೇ ಕುತ್ತಿಗೆ ತಿರುಗಿಸಿ ಹಿಂದೆ ನೋಡುತ್ತಾನೆ. ಕ್ವಾರ್ಟರ್‌ಬ್ಯಾಕ್ ಒಂದು ಕಾಲು ಎತ್ತಿ ಇಡುತ್ತಾನೆ. ಗಾರ್ಡ್ ಸೆಂಟರ್‌ನ ಪಕ್ಕೆಗೆ ತಟ್ಟುತ್ತಾನೆ. ಸೆಂಟರ್ ತಲೆ ಎತ್ತುತ್ತಾನೆ, ಮನಸ್ಸಿನಲ್ಲೇ ಎಣಿಸುತ್ತಾನೆ, ಚೆಂಡು ಹಿಂದಕ್ಕೆ ಹಾರುತ್ತದೆ. ಐದೂ ಜನ ಒಂದೇ ಕ್ಷಣಕ್ಕೆ ಕದಲಬೇಕು. ಒಬ್ಬ ಮೊದಲೇ ಅಲುಗಾಡಿದರೆ ಐದು ಗಜ ದಂಡ, ಮೇಲಿಂದ ರೆಫ್ರಿ ಮೈಕ್‌ನಲ್ಲಿ ಅವನ ನಂಬರ್ ಹೇಳುತ್ತಾನೆ. ಲೈನ್‌ಮನ್ ನಂಬರ್ ಇಡೀ ಸ್ಟೇಡಿಯಂಗೆ ಕೇಳಿಸೋದು ಸಾಮಾನ್ಯವಾಗಿ ಆಗ ಮಾತ್ರ.

ಇನ್ನೂ ಒಂದಿದೆ. ಸೆಂಟರ್‌ನ ಒಂದು ಕೈ ಚೆಂಡಿನ ಮೇಲಿರುತ್ತದೆ. ಎದುರಿಗೆ ಒಂದೂವರೆ ಕ್ವಿಂಟಲ್ ತೂಕದ ನೋಸ್ ಟ್ಯಾಕಲ್, ಅಂದರೆ ಡಿಫೆನ್ಸ್‌ನ ನಡುವಿನವನು, ಒಂದೆರಡು ಅಡಿ ದೂರದಲ್ಲಿ ಕೂತಿರುತ್ತಾನೆ. ಚೆಂಡು ಬಿಟ್ಟ ಆ ಕೈಯನ್ನು ಎತ್ತಿ ಅವನನ್ನು ತಡೆಯಬೇಕು. ಶಿಪ್ಲಿಯಂಥ ಗಿಡ್ಡ ಕೈಯವನು ಇದನ್ನು ಹೇಗೆ ಮಾಡುತ್ತಿದ್ದ? ಮೈ ತಗ್ಗಿಸಿ, ಎದುರಿನವನ ಎದೆಯ ಕೆಳಗೆ ಹೊಕ್ಕು. ಅಲ್ಲಿ ಕುಳ್ಳನಾಗಿರುವುದೇ ಲಾಭ.

ಪಿಟ್ಸ್‌ಬರ್ಗ್_ಅಕ್ಕ

ಒಳ್ಳೆ ವಿಷಯ ತೆಗೆದಿದ್ದೀರಿ. ನಮ್ಮ ಕಡೆಯ ಹುಡುಗ ಅಂತ ನನಗೂ ಶಿಪ್ಲಿ ಮೇಲೆ ಪ್ರೀತಿ. ಅವನ ಊರು ಮೂನ್ ಟೌನ್‌ಶಿಪ್, ನಮ್ಮ ವಿಮಾನ ನಿಲ್ದಾಣದ ಹತ್ತಿರ. ಪಶ್ಚಿಮ ಪೆನ್ಸಿಲ್ವೇನಿಯಾದಲ್ಲಿ ಉಕ್ಕಿನ ಕಾರ್ಖಾನೆಗಳು ಮುಚ್ಚಿದರೂ ಶುಕ್ರವಾರ ರಾತ್ರಿಯ ಹೈಸ್ಕೂಲ್ ಫುಟ್‌ಬಾಲ್ ಮುಚ್ಚಲಿಲ್ಲ. ಇಲ್ಲಿನ ಜನಕ್ಕೆ ಓಡುವವನಿಗಿಂತ ದಾರಿ ಬಿಡಿಸುವವನ ಮೇಲೆ ಒಂದು ತೂಕ ಜಾಸ್ತಿ ಅಭಿಮಾನ.

ಇಲ್ಲಿ ಯೋಚಿಸಬೇಕಾದ್ದು ಇನ್ನೊಂದಿದೆ. ಶಿಪ್ಲಿಯನ್ನು ಆರಿಸಿದ್ದು ಊರಿನ ತಂಡವೇ, ಅದೂ 2009ರ ಫೆಬ್ರವರಿಯಲ್ಲಿ ಸೂಪರ್ ಬೌಲ್ (ಲೀಗ್‌ನ ಫೈನಲ್) ಗೆದ್ದು ಬಂದ ತಂಡ. ಆ ಹುಡುಗನ ಮನೆಯಲ್ಲಿ ಎಂಥ ಸಂಭ್ರಮ ಇದ್ದಿರಬೇಡ! ಅದೇ ತಂಡ ಆತನನ್ನು ಅಭ್ಯಾಸಕ್ಕಷ್ಟೇ ಇರುವ ಪ್ರಾಕ್ಟೀಸ್ ಸ್ಕ್ವಾಡ್‌ನಲ್ಲಿಟ್ಟು, ಮರುವರ್ಷ ಕೈಬಿಟ್ಟಿತು. ಊರಿನವರ ಕಣ್ಣೆದುರೇ.

ಲೆಕ್ಕದ_ಶೆಟ್ಟರು

ದುಡ್ಡಿನ ವಿಷಯ ನಾನು ಹೇಳುತ್ತೇನೆ. ಎನ್‌ಎಫ್‌ಎಲ್ ಅಂದರೆ ಎಲ್ಲರೂ ಕೋಟ್ಯಾಧಿಪತಿಗಳು ಅಂತ ನಮ್ಮವರು ಅಂದುಕೊಂಡಿದ್ದಾರೆ.

2009ರಲ್ಲಿ ಹೊಸ ಆಟಗಾರ ಮುಖ್ಯ ತಂಡದಲ್ಲಿ ಇಡೀ ಸೀಸನ್ ಇದ್ದರೆ ಕನಿಷ್ಠ ಸಂಬಳ 3,10,000 ಡಾಲರ್. ಪ್ರಾಕ್ಟೀಸ್ ಸ್ಕ್ವಾಡ್‌ನಲ್ಲಿದ್ದರೆ ವಾರಕ್ಕೆ 5,200 ಡಾಲರ್. ಆಗ ಸೀಸನ್ 17 ವಾರ, ಲೆಕ್ಕ ಹಾಕಿ, 88,400. ಅದೂ 17 ವಾರವೂ ಇಟ್ಟುಕೊಂಡರೆ. ಯಾವತ್ತು ಬೇಕಾದರೂ ಕರೆದು ಬೇಡ ಅನ್ನಬಹುದು. ಆಗ ಒಂದು ತಂಡಕ್ಕೆ ಪ್ರಾಕ್ಟೀಸ್ ಸ್ಕ್ವಾಡ್‌ನಲ್ಲಿ ಇದ್ದದ್ದೇ ಎಂಟು ಜಾಗ. ಇವತ್ತು 16 ಇವೆ, ವಾರದ ಸಂಬಳವೂ ಎರಡು ಪಟ್ಟಿಗಿಂತ ಜಾಸ್ತಿ ಆಗಿದೆ. ಶಿಪ್ಲಿ ಕಾಲದ ಬಾಗಿಲು ಇನ್ನೂ ಕಿರಿದಾಗಿತ್ತು.

ಪಿಂಚಣಿ ಬೇಕಾದರೆ ಮುಖ್ಯ ತಂಡದ ಲೆಕ್ಕದಲ್ಲಿ ಮೂರು ಸೀಸನ್ ಆಗಬೇಕು. ಪ್ರಾಕ್ಟೀಸ್ ಸ್ಕ್ವಾಡ್ ವರ್ಷಗಳು ಸಾಮಾನ್ಯವಾಗಿ ಆ ಲೆಕ್ಕಕ್ಕೆ ಬರುವುದಿಲ್ಲ. ಹಾಗೆ ನೋಡಿದರೆ ಮೂರು ವರ್ಷ ಒದ್ದಾಡಿದ ಮೇಲೂ ಶಿಪ್ಲಿಯ ಪಿಂಚಣಿ ಖಾತೆ ಖಾಲಿ. 26ನೇ ವಯಸ್ಸಿಗೆ ಮೊದಲಿಂದ ಶುರು.

ಹೊಸಬ_ಹಾಸನ

ಪ್ರಾಕ್ಟೀಸ್ ಸ್ಕ್ವಾಡ್‌ನಲ್ಲಿ ಇಡೀ ವಾರ ಏನು ಮಾಡುತ್ತಾರೆ? ಸುಮ್ನೆ ಪ್ರಾಕ್ಟೀಸ್ ಅಷ್ಟೇನಾ?

ಫೀನಿಕ್ಸ್_ಕನ್ನಡಿಗ

ಅವರ ಮುಖ್ಯ ಕೆಲಸ ಮುಂದಿನ ಭಾನುವಾರದ ಎದುರಾಳಿಯ ವೇಷ ಹಾಕುವುದು. ಕೋಚ್ ಒಂದು ರಟ್ಟಿನ ಕಾರ್ಡ್ ಎತ್ತಿ ತೋರಿಸುತ್ತಾನೆ, ಅದರ ಮೇಲೆ ಎದುರಾಳಿಯ ಆಟದ ನಕ್ಷೆ ಇರುತ್ತದೆ. ಆ ಎದುರಾಳಿ ತಂಡದ ಸೆಂಟರ್ ಹೇಗೆ ಹೆಜ್ಜೆ ಇಡುತ್ತಾನೋ ಇವನು ಹಾಗೇ ಇಡಬೇಕು. ಎದುರಿಗೆ ನಿಲ್ಲುವವರು ತನ್ನದೇ ತಂಡದ ಮೊದಲ ದರ್ಜೆಯ ಡಿಫೆನ್ಸ್. 2009ರ ಸ್ಟೀಲರ್ಸ್ ಡಿಫೆನ್ಸ್ ಅಂದರೆ ನೆನಪಿಸಿಕೊಳ್ಳಿ, ನಡುವೆ ಕೇಸಿ ಹ್ಯಾಂಪ್ಟನ್ ಅನ್ನೋ ಗುಡ್ಡ. ದಿನಾ ಅಂಥವರ ಎದುರು ಬಗ್ಗಿ ನಿಂತು ಏಟು ತಿನ್ನಬೇಕು. ಭಾನುವಾರ ಬಂದರೆ ಪ್ಯಾಡ್ ಕಟ್ಟುವಂತಿಲ್ಲ.

ಆದರೆ ವಾರಕ್ಕೊಂದು ತಂಡದ ಆಟ ಕಲಿಯುತ್ತ ಹೋದರೆ ಒಂದು ಸೀಸನ್‌ನಲ್ಲಿ ಎಷ್ಟು ತಂಡಗಳ ಬುದ್ಧಿ ತಲೆಗೆ ಹತ್ತಬಹುದು, ಯೋಚಿಸಿ. ಶಿಪ್ಲಿ ಕೊನೆಯವರೆಗೂ ತಿಂದ ಅನ್ನ ಆ ಮೂರು ವರ್ಷದ ಕಲಿಕೆಯದು ಅನ್ನುವುದು ನನ್ನ ನಂಬಿಕೆ.

ದಾವಣಗೆರೆ_ಬೆಣ್ಣೆ

ನಾನು ಸ್ವಲ್ಪ ಬೇರೆ ಹೇಳುತ್ತೇನೆ ಗುರು. ಈ ಕಥೆಯಲ್ಲಿ ಒಂದು ಹೆಸರನ್ನು ನೀವು ಇನ್ನೂ ಎತ್ತಿಲ್ಲ. ಬ್ರೂಸ್ ಏರಿಯನ್ಸ್. 2009ರಲ್ಲಿ ಸ್ಟೀಲರ್ಸ್ ಆಫೆನ್ಸ್ ಕೋಚ್ ಯಾರು? ಏರಿಯನ್ಸ್. 2012ರಲ್ಲಿ ಕೋಲ್ಟ್ಸ್‌ಗೆ ಯಾರು ಬಂದರು? ಏರಿಯನ್ಸ್. 2013ರಿಂದ 2017ರವರೆಗೆ ಅರಿಜೋನಾ ಮುಖ್ಯ ಕೋಚ್? ಏರಿಯನ್ಸ್. 2020ರಲ್ಲಿ ಟ್ಯಾಂಪಾ? ಮತ್ತೆ ಅವರೇ. ಕೋಚ್ ಹೋದಲ್ಲೆಲ್ಲ ಶಿಪ್ಲಿ. ಇದು ವಿದ್ಯೆಯೋ ವಶೀಲಿಯೋ? ಇದೇ ಥರ ಎಷ್ಟೋ ಒಳ್ಳೆ ಹುಡುಗರು ತಮ್ಮ ಪರ ಮಾತಾಡುವ ಕೋಚ್ ಇಲ್ಲದೆ ಮನೆಗೆ ಹೋದರು. ಅವರ ಬಗ್ಗೆಯೂ ಯೋಚಿಸಬೇಕಲ್ವಾ?

ಫೀನಿಕ್ಸ್_ಕನ್ನಡಿಗ

ಎತ್ತಲೇಬೇಕಾದ ಪ್ರಶ್ನೆ. ಏರಿಯನ್ಸ್ ಇಲ್ಲದಿದ್ದರೆ ಈ ಕಥೆ ಇಷ್ಟು ಉದ್ದ ಆಗುತ್ತಿರಲಿಲ್ಲ, ಒಪ್ಪುತ್ತೇನೆ. ಆದರೆ ಪೂರ್ತಿ ವಶೀಲಿ ಅನ್ನುವುದಕ್ಕೆ ಎರಡು ಸಂಗತಿ ಅಡ್ಡ ಬರುತ್ತವೆ.

ಒಂದು, 2012. ಕೋಲ್ಟ್ಸ್ ಮುಖ್ಯ ಕೋಚ್ ಚಕ್ ಪಗಾನೊಗೆ ಸೀಸನ್ ಶುರುವಾದ ಸ್ವಲ್ಪ ದಿನಕ್ಕೇ ಲ್ಯುಕೇಮಿಯಾ ಅಂತ ಗೊತ್ತಾಯಿತು. ಏರಿಯನ್ಸ್ ತಾತ್ಕಾಲಿಕವಾಗಿ ತಂಡ ನಡೆಸಿದರು. ಹಿಂದಿನ ವರ್ಷ ಎರಡೇ ಪಂದ್ಯ ಗೆದ್ದಿದ್ದ ತಂಡ, ಆಂಡ್ರೂ ಲಕ್ ಅನ್ನೋ ಹೊಸ ಕ್ವಾರ್ಟರ್‌ಬ್ಯಾಕ್. ಸೆಂಟರ್ ಸ್ಯಾಮ್ಸನ್ ಸಟೇಲಿ ಗಾಯಗೊಂಡಾಗ ಶಿಪ್ಲಿ ಐದು ಪಂದ್ಯ ಸ್ಟಾರ್ಟ್ ಮಾಡಿದ. ತಂಡ 11-5ರಲ್ಲಿ, ಅಂದರೆ 11 ಗೆದ್ದು 5 ಸೋತು, ಮುಗಿಸಿತು. ತಮ್ಮದೇ ಕೆಲಸ ತಕ್ಕಡಿಯಲ್ಲಿ ತೂಗುತ್ತಿದ್ದ ಅಂಥ ವರ್ಷದಲ್ಲಿ ಯಾವ ಕೋಚ್ ದಾಕ್ಷಿಣ್ಯಕ್ಕೆ ಒಬ್ಬನನ್ನು ಕಣಕ್ಕಿಳಿಸುತ್ತಾನೆ?

ಎರಡನೆಯದು ಇನ್ನೂ ಗಟ್ಟಿ. 2019. ಏರಿಯನ್ಸ್ ಅರಿಜೋನಾ ಬಿಟ್ಟು ಹೋಗಿ ವರ್ಷ ದಾಟಿತ್ತು. ಕ್ಲಿಫ್ ಕಿಂಗ್ಸ್‌ಬರಿ ಅನ್ನೋ ಹೊಸ ಕೋಚ್ ಬಂದಿದ್ದರು, ಅವರ ಆಟವೇ ಬೇರೆ, ವೇಗವೇ ಬೇರೆ. ಕೈಲರ್ ಮರ್ರೆ ಅನ್ನೋ ಹೊಸ ಕ್ವಾರ್ಟರ್‌ಬ್ಯಾಕ್. ಶಿಪ್ಲಿ 2018ರ ಆಗಸ್ಟ್‌ನಲ್ಲಿ ಮಂಡಿಯ ಎಸಿಎಲ್ ಅನ್ನೋ ಲಿಗಮೆಂಟ್ ಹರಿದುಕೊಂಡು ಇಡೀ ಸೀಸನ್ ಹೊರಗಿದ್ದವನು, ವಯಸ್ಸು 33. ಇವನಿಗೆ ಅಲ್ಲಿ ಯಾರೂ ಋಣಿಗಳಲ್ಲ. ಆದರೂ 16ಕ್ಕೆ 16 ಪಂದ್ಯ ಇವನೇ ಸೆಂಟರ್.

ಅನುಭವವಿಲ್ಲದ ಕ್ವಾರ್ಟರ್‌ಬ್ಯಾಕ್ ಮುಂದೆ ಲೆಕ್ಕ ತಿಳಿದ ಸೆಂಟರ್ ಬೇಕು. 2012ರಲ್ಲೂ ಅದೇ ಕಾರಣ, 2019ರಲ್ಲೂ ಅದೇ. ಏರಿಯನ್ಸ್ ಮತ್ತೆ ಮತ್ತೆ ಕರೆದದ್ದೂ ಅದಕ್ಕೇ. ತನ್ನ ಆಟದ ಪುಸ್ತಕ ಪೂರ್ತಿ ಬಾಯಿಪಾಠ ಇರುವವನನ್ನು ಕರೆದರೆ ಉಳಿದ ನಾಲ್ವರಿಗೆ ಕಲಿಸುವ ಕೆಲಸ ಅರ್ಧ ಮುಗಿದಂತೆ.

ಮಂಡ್ಯ_ಕಬಡ್ಡಿ

ನಮ್ಮ ಹುಡುಗರಿಗೆ ಕಬಡ್ಡಿ ಹೇಳಿಕೊಡುವವನು ನಾನು. ಈ ಮಾತು ನನಗೆ ಚೆನ್ನಾಗಿ ಅರ್ಥ ಆಗುತ್ತದೆ. ಕೈ ಹಿಡಿದು ಚೈನ್ ಕಟ್ಟಿದಾಗ ರೈಡರ್ ಒಳಗೆ ಬಂದರೆ ಒಬ್ಬ ಮಾತ್ರ ಮುಂದೆ ಹಾರಿದರೂ ಚೈನ್ ಒಡೆದುಹೋಗುತ್ತದೆ. ಯಾವಾಗ ಮುಚ್ಚಬೇಕು ಅಂತ ಕಣ್ಣಲ್ಲೇ ಹೇಳುವ ಒಬ್ಬ ಹಳಬ ಬೇಕು. ಅವನ ಹೆಸರಿಗೆ ಪಾಯಿಂಟ್ ಬರುವುದಿಲ್ಲ. ಅವನಿಲ್ಲದ ದಿನ ತಂಡ ಸೋಲುತ್ತದೆ.

ದಾವಣಗೆರೆ_ಬೆಣ್ಣೆ

2019ರ ಮಾತು ಒಪ್ಪಿದೆ. ಆದರೆ 2013 ಬಾಲ್ಟಿಮೋರ್? ಅಲ್ಲಿ ಏನಾಯಿತು ಅಂತಲೂ ಹೇಳಿ. ಒಳ್ಳೆಯದನ್ನು ಮಾತ್ರ ಹೇಳಿದರೆ ಪೂರ್ತಿ ಆಗಲ್ಲ.

ಫೀನಿಕ್ಸ್_ಕನ್ನಡಿಗ

ಹೇಳಲೇಬೇಕು. ರೇವನ್ಸ್ ಆಗಷ್ಟೇ ಸೂಪರ್ ಬೌಲ್ ಗೆದ್ದಿತ್ತು. ಮ್ಯಾಟ್ ಬರ್ಕ್ ನಿವೃತ್ತಿಯಾಗಿ ಸೆಂಟರ್ ಜಾಗ ಖಾಲಿ. ಶಿಪ್ಲಿಯನ್ನು ಕೋಲ್ಟ್ಸ್‌ನಿಂದ ವಿನಿಮಯದಲ್ಲಿ ತಂದರು. ಸೆಂಟರ್ ಜಾಗ ಮಾತ್ರ ಇವನಿಗೆ ಸಿಗಲಿಲ್ಲ. ಎಡ ಗಾರ್ಡ್ ಕೆಲೆಚಿ ಒಸೆಮೆಲಿಗೆ ಬೆನ್ನಿನ ತೊಂದರೆಯಾದ ಮೇಲೆ ಇವನನ್ನು ಅಲ್ಲಿ ನಿಲ್ಲಿಸಿದರು. ಒಸೆಮೆಲಿ ಆರಡಿ ಐದಿಂಚಿನ ಆಳು. ಆ ಜಾಗಕ್ಕೆ ಗಿಡ್ಡ ಕೈಯ ಶಿಪ್ಲಿ. ಆ ವರ್ಷ ರೇವನ್ಸ್ ಪ್ರತಿ ಓಟಕ್ಕೆ ಸರಾಸರಿ 3.1 ಗಜ ಮಾತ್ರ ಗಳಿಸಿತು, ಆ ತಂಡದ ಇತಿಹಾಸದಲ್ಲೇ ಅಷ್ಟು ಕೆಟ್ಟದಾಗಿ ಓಡಿರಲಿಲ್ಲ. ಇಡೀ ಲೈನ್ ಹದಗೆಟ್ಟಿತ್ತು, ಇವನೊಬ್ಬನದೇ ತಪ್ಪಲ್ಲ. ಆದರೆ ಇವನೂ ಅದರಲ್ಲಿದ್ದ. ಮರುವರ್ಷದ ಆಗಸ್ಟ್‌ನಲ್ಲಿ ಬಿಟ್ಟುಬಿಟ್ಟರು.

ಅಲೆಮಾರಿ ಲೈನ್‌ಮನ್‌ನ ಪಾಡೇ ಇದು. ಎಲ್ಲಿ ಕಂಡಿ ಬಿದ್ದಿದೆಯೋ ಅಲ್ಲಿ ನಿಲ್ಲಬೇಕು, ನನಗೆ ಹೊಂದುವ ಜಾಗ ಅಲ್ಲ ಅನ್ನುವಂತಿಲ್ಲ. ಒಗ್ಗದ ಜಾಗದಲ್ಲಿ ಆಡಿದ ಆಟದ ವಿಡಿಯೋ ಮುಂದಿನ ಕೋಚ್ ಎದುರು ಸಾಕ್ಷಿ ಹೇಳುತ್ತದೆ.

ಟೆಕ್ಸಾಸ್_ತಾಯಿ

ಮೊದಲ ಸಲ ಬರೆಯುತ್ತಿದ್ದೇನೆ. ನನ್ನ ಮಗ ಹೈಸ್ಕೂಲ್‌ನಲ್ಲಿ ಗಾರ್ಡ್ ಆಡುತ್ತಾನೆ. ಇಲ್ಲಿನ ನಮ್ಮವರು ಸಿಕ್ಕಾಗ "ಯಾಕೆ ಅಕ್ಕ, ಟೆನಿಸ್ ಹಾಕಬಾರದಿತ್ತಾ" ಅಂತ ಕೇಳುತ್ತಾರೆ. ಪಂದ್ಯ ಮುಗಿದ ಮೇಲೆ ಅವನ ಕೈ ನೋಡಬೇಕು ನೀವು. ಬೆರಳಿಗೆಲ್ಲ ಪಟ್ಟಿ, ಮುಂಗೈ ಮೇಲೆ ಹೆಲ್ಮೆಟ್ ಉಜ್ಜಿದ ಗಾಯ, ಉಗುರು ಕಪ್ಪು. ಊಟಕ್ಕೆ ಕೂತರೆ ಅಕ್ಕಿರೊಟ್ಟಿ ಬೇಯಿಸಿ ಮುಗಿಯುವುದಿಲ್ಲ. ತೂಕ ಇಳಿದರೆ ಜಾಗ ಹೋಗುತ್ತದೆ ಅಂತ ಹಸಿವಿಲ್ಲದಿದ್ದರೂ ತಿನ್ನುತ್ತಾನೆ.

ನನಗೆ ಭಯ ಇರುವುದು ಕುತ್ತಿಗೆ, ತಲೆ, ಮಂಡಿ. ಶಿಪ್ಲಿಗೆ ಎಸಿಎಲ್ ಆಯಿತು ಅಂದಿರಿ. 2020ರಲ್ಲಿ ಆಟ ನಿಂತದ್ದು ಹೇಗೆ?

ಫಿಸಿಯೋ_ಶಿವಮೊಗ್ಗ

ಅಮ್ಮ, ವೃತ್ತಿಯಿಂದ ನಾನು ಫಿಸಿಯೋಥೆರಪಿಸ್ಟ್, ಕ್ರೀಡಾ ಗಾಯಗಳೇ ನನ್ನ ದಿನನಿತ್ಯದ ಕೆಲಸ. ಲೈನ್‌ಮನ್‌ಗಳ ಮಂಡಿ ಹೋಗುವುದು ಹೆಚ್ಚಾಗಿ ಪಾದ ನೆಲಕ್ಕೆ ಊರಿದ್ದಾಗ ಪಕ್ಕದಿಂದ ಯಾರಾದರೂ ಕಾಲ ಮೇಲೆ ಬಿದ್ದರೆ, ಇಲ್ಲವೇ ಪಾದ ಊರಿಕೊಂಡೇ ಮೈ ತಿರುಗಿದರೆ. ಕುತ್ತಿಗೆಯದು ಬೇರೆ. ಡಿಕ್ಕಿ ಹೊಡೆದಾಗ ತಲೆ ಒಂದು ಕಡೆ, ಭುಜ ಇನ್ನೊಂದು ಕಡೆ ಎಳೆದರೆ ಕುತ್ತಿಗೆಯಿಂದ ತೋಳಿಗೆ ಇಳಿಯುವ ನರಗಳು ಹಿಗ್ಗುತ್ತವೆ. ತೋಳಿನುದ್ದಕ್ಕೂ ಬೆಂಕಿ ಹರಿದಂತಾಗಿ ಕೈ ಜೋಮು ಹಿಡಿಯುತ್ತದೆ. ಒಂದೇ ತೋಳಿಗೆ ಬಂದು ಬೇಗ ಸರಿಹೋದರೂ ಕೋಚ್‌ಗೆ, ಡಾಕ್ಟರ್‌ಗೆ ಹೇಳಲೇಬೇಕು. ಎರಡೂ ತೋಳಿಗೆ ಬಂದರೆ, ಅಥವಾ ಕಾಲಿಗೂ ಬಂದರೆ ಅದು ಬೆನ್ನುಹುರಿಯ ವಿಷಯ. ಆ ಕ್ಷಣವೇ ಆಟ ನಿಲ್ಲಿಸಿ, ಕುತ್ತಿಗೆ ಅಲುಗಾಡದಂತೆ ಆಸ್ಪತ್ರೆಗೆ ಹೋಗಬೇಕು. ನಿಮ್ಮ ಮಗನಿಗೆ ಇದನ್ನು ಬಿಡಿಸಿ ಹೇಳಿ. ಈ ವಯಸ್ಸಿನವರು ಜಾಗ ಹೋಗುತ್ತದೆ ಅಂತ ಮುಚ್ಚಿಡುತ್ತಾರೆ.

ಫೀನಿಕ್ಸ್_ಕನ್ನಡಿಗ

2020ರ ಕಥೆ ಹೇಳುತ್ತೇನೆ ಅಕ್ಕ. ಆಗಸ್ಟ್‌ನಲ್ಲಿ ಟ್ಯಾಂಪಾ ಕರೆಯಿತು. ಅಲ್ಲಿ ರಯಾನ್ ಜೆನ್ಸನ್ ಗಟ್ಟಿ ಸೆಂಟರ್, ಆದ್ದರಿಂದ ಶಿಪ್ಲಿ ಬೆಂಚ್ ಮೇಲೆ. ಆ ವರ್ಷವೇ ಒಂದು ಹೊಸ ನಿಯಮ ಬಂದಿತ್ತು. ಪಂದ್ಯದ ದಿನ 47 ಜನರ ಬದಲು 48 ಜನರನ್ನು ಸಜ್ಜಾಗಿಡಬಹುದು, ಆದರೆ ಅವರಲ್ಲಿ ಕನಿಷ್ಠ ಎಂಟು ಜನ ಆಫೆನ್ಸಿವ್ ಲೈನ್‌ಮನ್ ಇರಬೇಕು. ಈ ನಿಯಮ ಬರೆದದ್ದೇ ಶಿಪ್ಲಿಯಂಥ ಎಂಟನೆಯವನಿಗೆ ಅನ್ನಿಸುತ್ತದೆ.

ನವೆಂಬರ್‌ನಲ್ಲಿ ಎಡ ಗಾರ್ಡ್ ಅಲಿ ಮಾರ್ಪೆಟ್ ತಲೆಗೆ ಏಟು ಬಿದ್ದು ಹೊರಗೆ ಕೂತ. ಜೆನ್ಸನ್‌ನನ್ನು ಗಾರ್ಡ್ ಜಾಗಕ್ಕೆ ಸರಿಸಿ ಶಿಪ್ಲಿಯನ್ನು ಸೆಂಟರ್‌ನಲ್ಲಿ ನಿಲ್ಲಿಸಿದರು. ಹಿಂದೆ ನಿಂತವನು ಟಾಮ್ ಬ್ರೇಡಿ. 34 ವಯಸ್ಸಿನ ಶಿಪ್ಲಿ 43 ವಯಸ್ಸಿನ ಬ್ರೇಡಿಗೆ ಚೆಂಡು ಕೊಡುತ್ತಿದ್ದ. ನವೆಂಬರ್ 23ರ ಸೋಮವಾರ ರಾತ್ರಿ ರ್ಯಾಮ್ಸ್ ವಿರುದ್ಧದ ಪಂದ್ಯದಲ್ಲಿ ಕುತ್ತಿಗೆಗೆ ಪೆಟ್ಟಾಯಿತು. ಇನ್ನು ಆಡುವುದು ಅನುಮಾನ ಅಂತ ಕೆಲವೇ ದಿನದಲ್ಲಿ ಏರಿಯನ್ಸ್ ಹೇಳಿದರು. ಆಟ ಅಲ್ಲಿಗೇ ಮುಗಿಯಿತು.

ಆದರೆ ಮನೆಗೆ ಕಳಿಸಲಿಲ್ಲ. ಆಫೆನ್ಸ್ ಕಡೆಯ ಸಹಾಯಕ ಕೋಚ್ ಅಂತ ಅಲ್ಲೇ ಉಳಿಸಿಕೊಂಡರು. 2021ರ ಫೆಬ್ರವರಿ 7ರಂದು ಟ್ಯಾಂಪಾ ತನ್ನದೇ ಸ್ಟೇಡಿಯಂನಲ್ಲಿ ಚೀಫ್ಸ್ ತಂಡವನ್ನು 31-9ರಿಂದ ಸೋಲಿಸಿದಾಗ ಶಿಪ್ಲಿ ಕೋಚ್‌ಗಳ ಪಕ್ಕ ಇದ್ದ. ಗೆದ್ದವರಿಗೆ ಕೊಡುವ ಉಂಗುರ ಸಿಕ್ಕಿತು. ಈಗ ಆತನನ್ನು ಪ್ಯಾಟ್ ಮಕಾಫಿ ಕಾರ್ಯಕ್ರಮದಲ್ಲಿ ನೋಡಬಹುದು, ಮಕಾಫಿ ಕೋಲ್ಟ್ಸ್ ದಿನಗಳ ಜೊತೆಗಾರ. ಲೈನ್ ಆಟವನ್ನು ಆತ ಬಿಡಿಸಿ ಹೇಳುವುದು ಕೇಳಿದರೆ 12 ವರ್ಷ ಅವನನ್ನು ಉಳಿಸಿದ್ದು ಏನು ಅಂತ ತಿಳಿಯುತ್ತದೆ.

ಪಿಟ್ಸ್‌ಬರ್ಗ್_ಅಕ್ಕ

ಆ ಸೂಪರ್ ಬೌಲ್‌ನಲ್ಲಿ ಎದುರು ಪಕ್ಷದ ಲೈನ್ ಯಾರದು ಅಂತ ಯಾರಾದರೂ ಗಮನಿಸಿದಿರಾ? ಚೀಫ್ಸ್‌ನ ಬಲ ಗಾರ್ಡ್ ಸ್ಟೆಫನ್ ವಿಸ್ನ್ಯೂಸ್ಕಿ. ಅವನೂ ನಮ್ಮ ಪಿಟ್ಸ್‌ಬರ್ಗ್ ಕಡೆಯವನೇ, ಅವನೂ ಪೆನ್ ಸ್ಟೇಟ್. 2008ರಲ್ಲಿ ಶಿಪ್ಲಿ ಜೊತೆ ಅದೇ ಲೈನ್‌ನಲ್ಲಿ ಆಡಿದವನು. ಶಿಪ್ಲಿ ಕಾಲೇಜು ಬಿಟ್ಟ ಮೇಲೆ ಸೆಂಟರ್ ಆದವನೂ ಅವನೇ. ರೈಡರ್ಸ್, ಜಾಗ್ವಾರ್ಸ್, ಈಗಲ್ಸ್, ಚೀಫ್ಸ್, ಸ್ಟೀಲರ್ಸ್, ಮತ್ತೆ ಚೀಫ್ಸ್ ಅಂತ ಅವನದೂ ಸುತ್ತಾಟ. ಅಷ್ಟರಲ್ಲಿ ಎರಡು ಬೇರೆ ಬೇರೆ ತಂಡದ ಜೊತೆ ಸೂಪರ್ ಬೌಲ್ ಗೆದ್ದ, ಈಗಲ್ಸ್ ಜೊತೆ ಒಂದು, ಚೀಫ್ಸ್ ಜೊತೆ ಒಂದು.

ಆ ಸೀಸನ್‌ನಲ್ಲಿ ಚೀಫ್ಸ್‌ಗೆ ಒಂದು ಗಾರ್ಡ್ ಜಾಗ ಖಾಲಿಯಾದ ಕಾರಣವೂ ದೊಡ್ಡದು. ಲೋರಾನ್ ಡುವರ್ನೆ-ಟಾರ್ಡಿಫ್ ಎಂಬಿಬಿಎಸ್‌ನಂಥದ್ದೇ ಓದು ಮುಗಿಸಿದ ಡಾಕ್ಟರ್. ಕೋವಿಡ್ ವರ್ಷ ಆಟ ಬಿಟ್ಟು ಕ್ವಿಬೆಕ್‌ನಲ್ಲಿ ವೃದ್ಧರ ಆರೈಕೆ ಕೇಂದ್ರದಲ್ಲಿ ಕೆಲಸಕ್ಕೆ ನಿಂತ. ಅದೂ ಒಬ್ಬ ಲೈನ್‌ಮನ್ನೇ.

ದಾವಣಗೆರೆ_ಬೆಣ್ಣೆ

ಅಕ್ಕ ಆ ಲೈನ್ ನೆನಪಿಸಿದ್ದು ಒಳ್ಳೆಯದಾಯಿತು. ನನಗೆ ಆ ಪಂದ್ಯದಲ್ಲಿ ಹೊಟ್ಟೆ ಉರಿದದ್ದು ಮೈಕ್ ರೆಮ್ಮರ್ಸ್ ನೋಡಿ. ಚೀಫ್ಸ್‌ನ ಎರಡೂ ಕಡೆಯ ಮುಖ್ಯ ಟ್ಯಾಕಲ್‌ಗಳು, ಎರಿಕ್ ಫಿಶರ್ ಮತ್ತು ಮಿಚೆಲ್ ಶ್ವಾರ್ಟ್ಜ್, ಗಾಯಗೊಂಡು ಹೊರಗೆ. ಬಲಗಡೆ ಆಡಿ ರೂಢಿಯಿದ್ದ ರೆಮ್ಮರ್ಸ್‌ನನ್ನು ಎಡಗಡೆ ನಿಲ್ಲಿಸಿದರು. ಮಹೋಮ್ಸ್ ಇಡೀ ರಾತ್ರಿ ಜೀವ ಉಳಿಸಿಕೊಳ್ಳಲು ಓಡಿದ.

ಈ ರೆಮ್ಮರ್ಸ್‌ನನ್ನು ಡ್ರಾಫ್ಟ್‌ನಲ್ಲಿ ಯಾರೂ ಕರೆದಿರಲಿಲ್ಲ. ತಂಡದಿಂದ ತಂಡಕ್ಕೆ ಅಲೆದು ಕೆರೊಲಿನಾ ಪ್ಯಾಂಥರ್ಸ್‌ನಲ್ಲಿ ಬಲ ಟ್ಯಾಕಲ್ ಆದ. ಅಲ್ಲಿಯೂ ಸೂಪರ್ ಬೌಲ್ ಬಂತು, 2016ರಲ್ಲಿ, ಅದೂ ಫೆಬ್ರವರಿ 7ರಂದೇ. ಎದುರಿಗೆ ಡೆನ್ವರ್‌ನ ವಾನ್ ಮಿಲ್ಲರ್. ಮಿಲ್ಲರ್ ಆ ದಿನ ಎರಡೂವರೆ ಸ್ಯಾಕ್ (ಚೆಂಡು ಕೈಯಲ್ಲಿರುವಾಗಲೇ ಕ್ವಾರ್ಟರ್‌ಬ್ಯಾಕ್‌ನನ್ನು ಕೆಡವುವುದು) ಮಾಡಿ, ಎರಡು ಸಲ ಚೆಂಡು ಉದುರಿಸಿ ಪಂದ್ಯದ ಶ್ರೇಷ್ಠ ಆಟಗಾರನಾದ. ಕೂದಲೆಳೆಯ ಅಂತರದಲ್ಲಿ ಅವನನ್ನು ಹಿಡಿಯಲು ಆಗದೆ ಬಿದ್ದವನು ರೆಮ್ಮರ್ಸ್. ಆ ಸೀಸನ್ ಪ್ಯಾಂಥರ್ಸ್ 15-1ರಲ್ಲಿ ಮುಗಿಸಿತ್ತು, 16 ಪಂದ್ಯವೂ ಅವನೇ ಆಡಿದ್ದ. ಅದು ಯಾರಿಗೂ ನೆನಪಿಲ್ಲ. ಎರಡು ರಾತ್ರಿ ಮಾತ್ರ ನೆನಪಿದೆ. ಆ ಎರಡು ರಾತ್ರಿಯೂ ಅವನ ಎದುರಿಗಿದ್ದದ್ದು ಆ ವರ್ಷದ ಅತ್ಯಂತ ಕೆಟ್ಟ ಕೆಲಸ, ಅದನ್ನು ಯಾರಿಗೆ ಕೊಟ್ಟಿದ್ದರೂ ಕಷ್ಟವೇ.

ಫೀನಿಕ್ಸ್_ಕನ್ನಡಿಗ

ಇದನ್ನು ಬರೆದದ್ದಕ್ಕೆ ಧನ್ಯವಾದ. ವಶೀಲಿ ಪ್ರಶ್ನೆಗೂ ಇದರಲ್ಲಿ ಉತ್ತರ ಇದೆ ನೋಡಿ. ರೆಮ್ಮರ್ಸ್‌ನನ್ನು ಆ 2016ರ ರಾತ್ರಿ ಆದ ಮೇಲೂ ವೈಕಿಂಗ್ಸ್, ಜೈಂಟ್ಸ್, ಚೀಫ್ಸ್, ಜೆಟ್ಸ್ ಕರೆದವು. ಇವರನ್ನು ಕರೆಯುವವರು ವಿಡಿಯೋ ಪೂರ್ತಿ ನೋಡುತ್ತಾರೆ, ನಮ್ಮ ಹಾಗೆ ಎರಡು ತುಣುಕು ಅಲ್ಲ.

ವ್ಯಾಂಕೂವರ್_ವಾಸಿ

ಭಾರತದ ನಂಟು ಕೇಳುವವರಿಗೆ ಒಂದು ಹೆಸರು: ಬಾಬಿ ಸಿಂಗ್. ಫಿಜಿಯಲ್ಲಿ ಹುಟ್ಟಿ ಕೆನಡಾದಲ್ಲಿ ಬೆಳೆದ ಭಾರತೀಯ ಮೂಲದ ಗಾರ್ಡ್. 1999ರ ಸೀಸನ್‌ನಲ್ಲಿ ಸೂಪರ್ ಬೌಲ್ ಗೆದ್ದ ಸೇಂಟ್ ಲೂಯಿಸ್ ರ್ಯಾಮ್ಸ್ ತಂಡದಲ್ಲಿದ್ದ. 2001ರಲ್ಲಿ ಒಂದೇ ವರ್ಷ ಬಾಳಿದ ಹಳೇ ಎಕ್ಸ್‌ಎಫ್‌ಎಲ್ ಲೀಗ್‌ನಲ್ಲಿ ಲಾಸ್ ಏಂಜಲೀಸ್ ಜೊತೆ ಗೆದ್ದ. ಆಮೇಲೆ ನಮ್ಮ ಬಿ.ಸಿ. ಲಯನ್ಸ್ ಜೊತೆ 2006ರಲ್ಲಿ ಕೆನಡಾ ಲೀಗ್‌ನ ಗ್ರೇ ಕಪ್. ಮೂರು ಲೀಗ್‌ನಲ್ಲೂ ಗೆದ್ದವನು. ಇಲ್ಲಿನ ಪಂಜಾಬಿ ಹುಡುಗರಿಗೆ ಗೊತ್ತು, ನಮ್ಮ ಕನ್ನಡದವರಿಗೆ ಗೊತ್ತಿಲ್ಲ.

ಟೆಕ್ಸಾಸ್_ತಾಯಿ

ಫಿಸಿಯೋ ಅವರಿಗೆ ತುಂಬಾ ಧನ್ಯವಾದ, ನೀವು ಬರೆದದ್ದನ್ನು ಮಗನಿಗೆ ಓದಿ ಹೇಳಿದೆ. ಒಂದೇ ಕೈ ಜೋಮು ಹಿಡಿದರೂ ಹೇಳುತ್ತೇನೆ ಅಂತ ಒಪ್ಪಿದ್ದಾನೆ. ಬಾಬಿ ಸಿಂಗ್ ಹೆಸರು ಬರೆದುಕೊಂಡ. ಅವನು ಎತ್ತರ ಕಮ್ಮಿ, ಅದೇ ಅವನಿಗೆ ಕೊರಗು. ಈಗಿನ ಕಾಲದ, ಎತ್ತರ ಕಮ್ಮಿ ಇರುವ ಲೈನ್‌ಮನ್ ಯಾರನ್ನು ನೋಡಿ ಕಲಿಯಬಹುದು?

ಫೀನಿಕ್ಸ್_ಕನ್ನಡಿಗ

ಟೆಕ್ಸಾಸ್‌ನವರೇ ಒಬ್ಬರಿದ್ದಾರೆ ಅಕ್ಕ. ಕೆಲ್ವಿನ್ ಬೀಚಮ್. ಊರು ಮೆಹಿಯಾ, ಓದಿದ್ದು ಡಲ್ಲಾಸ್‌ನ ಎಸ್‌ಎಮ್‌ಯು. 2012ರ ಡ್ರಾಫ್ಟ್‌ನಲ್ಲಿ ಏಳನೇ ಸುತ್ತು, 248ನೆಯವನು, ಶಿಪ್ಲಿಗಿಂತಲೂ ಹಿಂದೆ. ಟ್ಯಾಕಲ್‌ಗೆ ಎತ್ತರ ಸಾಲದು ಅಂದರು, ಆದರೂ ಸ್ಟೀಲರ್ಸ್ ಕ್ವಾರ್ಟರ್‌ಬ್ಯಾಕ್ ಬೆನ್ ರಾತ್ಲಿಸ್‌ಬರ್ಗರ್‌ನ ಎಡಗಡೆ ಕಾದ. 2015ರಲ್ಲಿ ಎಸಿಎಲ್ ಹರಿಯಿತು. ಜಾಗ್ವಾರ್ಸ್ ಒಂದು ವರ್ಷ, ಜೆಟ್ಸ್ ಮೂರು ವರ್ಷ, 2020ರಲ್ಲಿ ನಮ್ಮ ಅರಿಜೋನಾಕ್ಕೆ ಬಂದ. ಮಗನಿಗೆ ಹೇಳಿ, ಪಂದ್ಯ ನೋಡುವಾಗ ಚೆಂಡನ್ನು ಬಿಟ್ಟು ಬೀಚಮ್ ಪಾದ ನೋಡಲಿ. ಚೆಂಡು ಕದಲಿದ ಮೇಲೆ ಮೊದಲ ಎರಡು ಹೆಜ್ಜೆ ಎಷ್ಟು ಚಿಕ್ಕವು, ಎಷ್ಟು ಬೇಗ ನೆಲ ಮುಟ್ಟುತ್ತವೆ ಅಂತ. ತೋಳು ಉದ್ದ ಇಲ್ಲದವನು ಜಾಗವನ್ನು ಪಾದದಲ್ಲಿ ಗೆಲ್ಲಬೇಕು. ಟಿವಿಯಲ್ಲಿ ಹತ್ತಿರದಿಂದ ತೋರಿಸುವುದಿಲ್ಲ, ಮೈದಾನದ ತುದಿಯಿಂದ ತೆಗೆದ ಕೋಚ್‌ಗಳ ವಿಡಿಯೋ ಸಿಗುತ್ತದೆ, ಅದರಲ್ಲಿ ಐದೂ ಜನ ಪೂರ್ತಿ ಕಾಣುತ್ತಾರೆ.

ಹೊಸಬ_ಹಾಸನ

ಆ ವಿಡಿಯೋ ನನಗೂ ಎಲ್ಲಿ ಸಿಗುತ್ತದೆ ಹೇಳಿ ಸರ್. ನಿನ್ನೆ ರಾತ್ರಿ ಒಂದು ಹಳೇ ಪಂದ್ಯ ಹಾಕಿ ಸೆಂಟರ್ ಒಬ್ಬನನ್ನೇ ನೋಡಿದೆ. ಆತ ಬೆರಳು ಮಾಡಿ ತೋರಿಸಿದ, ಎದುರಿನವರು ಜಾಗ ಬದಲಿಸಿದರು, ಆತ ಮತ್ತೆ ಬೇರೆಯವನತ್ತ ಬೆರಳು ಮಾಡಿದ. ಇಷ್ಟು ದಿನ ಅದನ್ನು ನೋಡಿಯೂ ನೋಡಿರಲಿಲ್ಲ.

ಫೀನಿಕ್ಸ್_ಕನ್ನಡಿಗ

ಎನ್‌ಎಫ್‌ಎಲ್‌ನವರದೇ ಚಂದಾ ಸೇವೆಯಲ್ಲಿ "ಆಲ್-22" ಅಂತ ಇದೆ, ಅದೇ. ನೀವು ನೋಡಿದ ಪಂದ್ಯ ಯಾವುದು ಅಂತ ಇಲ್ಲೇ ಹಾಕಿ. ಆತ ಎರಡನೇ ಸಲ ಬೆರಳು ಮಾಡಿದ್ದು ಯಾಕೆ ಅಂತ ಎಲ್ಲರೂ ಸೇರಿ ನೋಡೋಣ.